ಫಿರಂಗಿ ಹೊತ್ತ ದಿವಾನಖಾನೆ

ಅಂಗಡಿಯಲ್ಲಿ ಚಹಾಪುಡಿಯ ಹಳದಿ ಪೊಟ್ಟಣ ಕೇಳುವಾಗ ನಾವು ಒಬ್ಬ ಮನುಷ್ಯನ ಹೆಸರು ಹೇಳುತ್ತಿದ್ದೇವೆ ಎಂಬುದು ನೆನಪಿಗೆ ಬರುವುದಿಲ್ಲ. ಥಾಮಸ್ ಲಿಪ್ಟನ್ ಗ್ಲಾಸ್ಗೋ ನಗರದ ದಿನಸಿ ವ್ಯಾಪಾರಿ. 1890ರಲ್ಲಿ ಸಿಲೋನಿಗೆ ಹೋಗಿ ಟೀ ತೋಟಗಳನ್ನು ಕೊಂಡ. ದುಡ್ಡು ಬಂದ ಮೇಲೆ ಆತನಿಗೆ ಹತ್ತಿದ ದೊಡ್ಡ ಹುಚ್ಚೆಂದರೆ ಅಮೆರಿಕಾಸ್ ಕಪ್ ಎಂಬ ಹಾಯಿದೋಣಿ ಪಂದ್ಯ. 1899ರಿಂದ 1930ರವರೆಗೆ ಐದು ಸಲ ಸ್ಪರ್ಧಿಸಿದ, ಐದು ಸಲವೂ ಸೋತ. ಪಂದ್ಯದ ದೋಣಿಯ ಹಿಂದೆಮುಂದೆ ಓಡಾಡಲು, ದೊಡ್ಡ ಮನುಷ್ಯರಿಗೆ ಔತಣ ಕೊಡಲು ಆತನ ಬಳಿ ಇನ್ನೊಂದು ಹಡಗಿತ್ತು. ಅದರ ಹೆಸರು ಎರಿನ್. 1896ರಲ್ಲಿ ಸ್ಕಾಟ್ಲೆಂಡಿನಲ್ಲಿ ಕಟ್ಟಿದ ಉಗಿ ಯಾಟ್.

ಯಾಟ್ ಎಂದರೆ ಸರಕು ಹೊರದ, ಟಿಕೆಟ್ ಮಾರದ, ಮೀನು ಹಿಡಿಯದ ಹಡಗು. ಒಡೆಯನ ಸುಖಕ್ಕೆಂದೇ ತೇಲುವ ಮನೆ. ಆದರೆ 1915ರಲ್ಲಿ ಎರಿನ್ ವೈದ್ಯರನ್ನೂ ದಾದಿಯರನ್ನೂ ಹತ್ತಿಸಿಕೊಂಡು, ಟೈಫಸ್ ಜ್ವರದಲ್ಲಿ ಬೇಯುತ್ತಿದ್ದ ಸರ್ಬಿಯಾದ ಕಡೆಗೆ ಹೊರಟಿತು. ಅದಾದ ಮೇಲೆ ಬ್ರಿಟಿಷ್ ನೌಕಾಪಡೆ ಅದನ್ನು ಗಸ್ತಿಗೆ ಹಾಕಿತು. ಪಡೆಯಲ್ಲಿ ಆಗಲೇ ಎರಿನ್ ಹೆಸರಿನ ದೈತ್ಯ ಯುದ್ಧನೌಕೆಯೊಂದು ಇತ್ತು. ಹಾಗಾಗಿ ಈ ಯಾಟ್ ತನ್ನ ಹಳೆಯ ಹೆಸರಿಗೆ ಮರಳಿ ಏಗೂಸಾ ಆಯಿತು. 1916ರ ಏಪ್ರಿಲ್ 27ರಂದು ಮಾಲ್ಟಾ ದ್ವೀಪದ ಹೊರಗೆ, ಜರ್ಮನ್ ಜಲಾಂತರ್ಗಾಮಿ ಯು-73 ಬಿತ್ತಿಹೋಗಿದ್ದ ಮೈನ್‌ಗಳಿಗೆ ಸಿಕ್ಕು ರಸೆಲ್ ಎಂಬ ಯುದ್ಧನೌಕೆ ಮುಳುಗಿತು. ಮರುದಿನ ಅದೇ ನೀರಿನಲ್ಲಿ ಏಗೂಸಾ ಕೂಡ ಮೈನ್ ತಾಗಿ ತಳ ಸೇರಿತು.

ರತ್ನಗಂಬಳಿ ಹಾಸಿದ, ಪಿಯಾನೊ ಇಟ್ಟ ಹಡಗನ್ನು ನೌಕಾಪಡೆಯೊಂದು ಯಾಕೆ ಬಯಸಬೇಕು? ಬ್ರಿಟನ್ ಒಂದೇ ಅಲ್ಲ, ಅಮೆರಿಕವೂ ಕೆನಡಾವೂ ಇದನ್ನೇ ಮಾಡಿದವು. ಹಡಗು ಸಾಲದೆ ಕೈಗೆ ಸಿಕ್ಕಿದ್ದನ್ನು ಬಾಚಿಕೊಂಡರು ಎನ್ನುವುದು ಅರ್ಧ ಸತ್ಯ. ಉಳಿದರ್ಧ ಭೌತವಿಜ್ಞಾನದಲ್ಲಿದೆ. ಐಷಾರಾಮ ಎನ್ನುವುದು ಎಂಜಿನಿಯರನ ಕಣ್ಣಿಗೆ ಮಿಗತೆ. ಅಗತ್ಯಕ್ಕಿಂತ ಹೆಚ್ಚು ವೇಗ, ಹೆಚ್ಚು ಉಗಿ, ಹೆಚ್ಚು ಜಾಗ. ಶಾಂತಿಕಾಲದಲ್ಲಿ ಈ ಮಿಗತೆ ದುಂದು. ಯುದ್ಧ ಬಂದರೆ ಎಲ್ಲರೂ ಹುಡುಕುವುದು ಅದನ್ನೇ.

ಕಬ್ಬಿನ ಗಾಣ

ಹಡಗಿನ ವೇಗವನ್ನು ನಾಟ್‌ಗಳಲ್ಲಿ ಅಳೆಯುತ್ತಾರೆ. ಒಂದು ನಾಟ್ ಎಂದರೆ ಗಂಟೆಗೆ 1.85 ಕಿಲೋಮೀಟರ್. ನಮ್ಮ ರಸ್ತೆಯ ವೇಗಕ್ಕೆ ಹೋಲಿಸಿದರೆ 10 ನಾಟ್ ನಗೆಪಾಟಲು, ಸೈಕಲ್ ಸವಾರನ ವೇಗ ಅಷ್ಟೇ. ಆದರೆ ನೀರಿನಲ್ಲಿ ವೇಗ ಬಹಳ ದುಬಾರಿ. ಸ್ಥೂಲವಾಗಿ ಹೇಳುವುದಾದರೆ, ನೀರು ಒಡ್ಡುವ ತಡೆ ವೇಗದ ವರ್ಗದಂತೆ ಏರುತ್ತದೆ. ಅದನ್ನು ಮೀರಲು ಎಂಜಿನ್ ಕೊಡಬೇಕಾದ ಸಾಮರ್ಥ್ಯ ವೇಗದ ಘನದಂತೆ ಏರುತ್ತದೆ. ವೇಗ ಎರಡು ಪಟ್ಟಾಗಬೇಕೆಂದರೆ ಎಂಜಿನ್ ಎಂಟು ಪಟ್ಟು ದುಡಿಯಬೇಕು.

ಸರಕು ಹಡಗಿನ ಮಾಲೀಕನಿಗೆ ಈ ಲೆಕ್ಕ ಬಾಯಿಪಾಠ. ಅಕ್ಕಿಮೂಟೆ ಎರಡು ದಿನ ತಡವಾಗಿ ತಲುಪಿದರೆ ಏನೂ ಕೊಳ್ಳೆ ಹೋಗುವುದಿಲ್ಲ, ಕಲ್ಲಿದ್ದಲಿನ ಬಿಲ್ ಮಾತ್ರ ಉಳಿಯುತ್ತದೆ. ಹಾಗಾಗಿ ಆತ 10 ನಾಟ್‌ಗೆ ತೃಪ್ತ. ಅದೇ ಗಾತ್ರದ ಹಡಗು 17 ನಾಟ್ ಓಡಬೇಕಾದರೆ ಸುಮಾರು ಐದು ಪಟ್ಟು ಸಾಮರ್ಥ್ಯ ಬೇಕು. ಅಂದರೆ ದೊಡ್ಡ ಬಾಯ್ಲರು, ದೊಡ್ಡ ಎಂಜಿನ್, ಅದಕ್ಕೆ ತಕ್ಕ ಕಲ್ಲಿದ್ದಲು, ಅದನ್ನು ಎತ್ತಿಹಾಕುವ ಆಳುಗಳು. ಇಷ್ಟೆಲ್ಲ ತುಂಬಿದ ಮೇಲೆ ಸರಕಿಗೆ ಜಾಗವೇ ಇರದು. ಸರಕೇ ಬೇಡದವನಿಗೆ ಮಾತ್ರ ಇದು ಒಪ್ಪುವ ವ್ಯವಹಾರ. ಯಾಟಿನ ಒಡೆಯ ಹೊರುವುದು ಏಳೆಂಟು ಅತಿಥಿಗಳನ್ನು, ಒಂದಿಷ್ಟು ವೈನ್ ಬಾಟಲಿಗಳನ್ನು. ಉಳಿದ ಹೊಟ್ಟೆಯೆಲ್ಲ ಯಂತ್ರಕ್ಕೆ ಮೀಸಲು.

ಮೈಕಟ್ಟೂ ಇದಕ್ಕೆ ತಕ್ಕಂತೆ. ಹಡಗು ಚಲಿಸುವಾಗ ಮೂತಿಯ ಬಳಿ ಒಂದು ಅಲೆ ಏಳುತ್ತದೆ. ವೇಗ ಹೆಚ್ಚಿದಂತೆ ಆ ಅಲೆಯೂ ಉದ್ದವಾಗುತ್ತದೆ. ಅಲೆ ಹಡಗಿನಷ್ಟೇ ಉದ್ದವಾದಾಗ ಹಡಗು ತಾನೇ ತೋಡಿದ ತಗ್ಗಿನಲ್ಲಿ ಕೂತು ದಿಬ್ಬ ಹತ್ತಲು ಒದ್ದಾಡುವಂತಾಗುತ್ತದೆ. ಉದ್ದ ಹೆಚ್ಚಿದ್ದರೆ ಈ ಪಾಡು ಬರುವುದು ತಡ. ಅದಕ್ಕೇ ಯಾಟುಗಳು ನೀಳವಾಗಿ, ಕೃಶವಾಗಿ, ಕತ್ತಿಯಂಥ ಮೂತಿ ಹೊತ್ತು ಇರುತ್ತಿದ್ದವು. ಅಂದಕ್ಕಾಗಿ ಎಳೆದ ರೇಖೆ ಎಂದು ಕಂಡದ್ದು ಓಟಕ್ಕೂ ಒದಗುವ ರೇಖೆಯಾಗಿತ್ತು.

ಎಂಜಿನ್ ಕೋಣೆಯಲ್ಲಿದ್ದದ್ದು ಸಾಮಾನ್ಯವಾಗಿ ಮೂರು ಹಂತದ ಉಗಿಯಂತ್ರ. ರಸ್ತೆಬದಿಯ ಕಬ್ಬಿನ ಹಾಲಿನ ಅಂಗಡಿಯವನು ಒಂದು ಜಲ್ಲೆಯನ್ನು ಗಾಣಕ್ಕೆ ಒಂದೇ ಸಲ ಕೊಟ್ಟು ಬಿಸಾಡುವುದಿಲ್ಲ. ಮಡಚಿ ಮತ್ತೆ ಕೊಡುತ್ತಾನೆ, ಸಿಪ್ಪೆಯನ್ನು ಹಿಂಡಿ ಇನ್ನೊಮ್ಮೆ ಕೊಡುತ್ತಾನೆ. ಉಗಿಯನ್ನೂ ಹೀಗೇ ಮೂರು ಸಲ ಹಿಂಡಬಹುದು. ಬಾಯ್ಲರಿನಿಂದ ಭಾರೀ ಒತ್ತಡದಲ್ಲಿ ನುಗ್ಗುವ ಉಗಿ ಮೊದಲು ಒಂದು ಚಿಕ್ಕ ಸಿಲಿಂಡರಿನಲ್ಲಿ ಪಿಸ್ಟನ್ನನ್ನು ತಳ್ಳಿ ಸ್ವಲ್ಪ ಹಿಗ್ಗುತ್ತದೆ, ತಣಿಯುತ್ತದೆ. ಅದನ್ನು ಗಾಳಿಗೆ ಬಿಡದೆ ದೊಡ್ಡದೊಂದು ಸಿಲಿಂಡರಿಗೆ, ಅಲ್ಲಿಂದ ಇನ್ನೂ ದೊಡ್ಡದಕ್ಕೆ ಕಳಿಸುತ್ತಾರೆ. ಒತ್ತಡ ಕುಗ್ಗಿದ ಉಗಿ ಅಷ್ಟೇ ಬಲವಾಗಿ ತಳ್ಳಬೇಕಾದರೆ ಅದಕ್ಕೆ ಹೆಚ್ಚು ಅಗಲದ ಪಿಸ್ಟನ್ ಬೇಕು, ಹಾಗಾಗಿ ಸಿಲಿಂಡರುಗಳು ಒಂದಕ್ಕಿಂತ ಒಂದು ದಪ್ಪ. ಕೊನೆಗೆ ಸತ್ವ ಕಳೆದ ಉಗಿಯನ್ನು ಸಮುದ್ರದ ತಣ್ಣೀರಿನ ಕೊಳವೆಗಳ ಮೇಲೆ ಹಾಯಿಸಿ ನೀರಾಗಿಸಿ ಮತ್ತೆ ಬಾಯ್ಲರಿಗೆ ಊಡುತ್ತಾರೆ. ಉಪ್ಪುನೀರನ್ನು ಕುದಿಸಬೇಕಾದ ಗೋಜಿಲ್ಲ. ಅದೇ ಕಲ್ಲಿದ್ದಲಿನಲ್ಲಿ ಹಡಗು ಹೆಚ್ಚು ದೂರ ಹೋಗುತ್ತದೆ.

ಸದ್ದಿಲ್ಲದೆ ಒದಗಿಬಂದ ಮಿಗತೆ ಇನ್ನೂ ಒಂದಿತ್ತು. ಯಾಟುಗಳಿಗೆ ಎತ್ತರದ ಕಂಬಗಳಿದ್ದವು. ಹಾಯಿಯ ಕಾಲ ಮುಗಿಯುತ್ತ ಬಂದಿದ್ದರೂ ಕಂಬವಿಲ್ಲದ ಹಡಗು ಬೋಳು ಎಂದು ಒಡೆಯರ ನಂಬಿಕೆ. ವೈರ್‌ಲೆಸ್ ಬಂದಾಗ ತಂತಿ ಕಟ್ಟಲು ಆ ಕಂಬಗಳು ಹೇಳಿಮಾಡಿಸಿದಂತಿದ್ದವು. ಮೊದಲ ಮಹಾಯುದ್ಧದಲ್ಲಿ ಬ್ರಿಟನ್ನಿನ ಕರಾವಳಿ ಗಸ್ತು ತಂಡಗಳ ರಚನೆಯಲ್ಲೇ ಇದು ಕಾಣುತ್ತದೆ. ಮುಂದೆ ವೈರ್‌ಲೆಸ್ ಇರುವ ಒಂದು ಯಾಟ್, ಅದರ ಹಿಂದೆ ಮೀನುಗಾರಿಕೆಯ ಟ್ರಾಲರುಗಳು.

ಕುಕ್ಕರ್ ಕೂಗುವ ಮುನ್ನ

ಈ ಮಿಗತೆ ಏನು ಮಾಡಬಲ್ಲದು ಎಂಬುದು ಕಣ್ಣಿಗೆ ಹೊಡೆಯುವಂತೆ ಕಂಡದ್ದು 1898ರಲ್ಲಿ, ಕ್ಯೂಬಾದ ಕಡಲಿನಲ್ಲಿ. ಅಮೆರಿಕ ಮತ್ತು ಸ್ಪೇನ್ ನಡುವಿನ ಯುದ್ಧ. ನ್ಯೂಯಾರ್ಕಿನ ಬ್ಯಾಂಕರ್ ಜೆ. ಪಿ. ಮಾರ್ಗನ್ ಬಳಿ ಕೋರ್ಸೇರ್ ಎಂಬ ಯಾಟ್ ಇತ್ತು. ಕೋರ್ಸೇರ್ ಎಂದರೆ ಕಡಲ್ಗಳ್ಳ. ಬ್ಯಾಂಕರ್ ತನ್ನ ಹಡಗಿಗೆ ಇಂಥ ಹೆಸರಿಡಬೇಕಾದರೆ ಒಂದೋ ಹಾಸ್ಯಪ್ರಜ್ಞೆ ಇರಬೇಕು, ಇಲ್ಲವೇ ಜನರ ಮಾತಿಗೆ ಸೊಪ್ಪು ಹಾಕದ ಗತ್ತಿರಬೇಕು. 1891ರಲ್ಲಿ ಕಟ್ಟಿದ, ಸುಮಾರು 73 ಮೀಟರ್ ಉದ್ದದ ಈ ಹಡಗಿನ ವೇಗ 17 ನಾಟ್. 1898ರ ಏಪ್ರಿಲ್ 23ರಂದು ಅಮೆರಿಕದ ನೌಕಾಪಡೆ ಇದನ್ನು 2,25,000 ಡಾಲರಿಗೆ ಕೊಂಡು ಗ್ಲಾಸ್ಟರ್ ಎಂದು ಹೆಸರಿಟ್ಟಿತು. ಮೈಮೇಲೆ ಸಣ್ಣ ಫಿರಂಗಿಗಳನ್ನು ಕೂರಿಸಲಾಯಿತು. ರಕ್ಷಾಕವಚ ಮಾತ್ರ ಎಲ್ಲೂ ಇಲ್ಲ. ಹೊರಗೋಡೆ ಯಾಟಿನದೇ ತೆಳು ತಗಡು.

ಕಪ್ತಾನ ರಿಚರ್ಡ್ ವೈನ್‌ರೈಟ್. ಅದೇ ವರ್ಷದ ಫೆಬ್ರವರಿಯಲ್ಲಿ ಹವಾನಾ ಬಂದರಿನಲ್ಲಿ ಸಿಡಿದು, 260ಕ್ಕೂ ಹೆಚ್ಚು ಮಂದಿಯೊಂದಿಗೆ ಮುಳುಗಿದ ಮೇನ್ ಯುದ್ಧನೌಕೆಯಲ್ಲಿ ಆತ ಎರಡನೇ ಅಧಿಕಾರಿಯಾಗಿದ್ದ, ಬದುಕುಳಿದಿದ್ದ.

ಜುಲೈ 3ರ ಬೆಳಗ್ಗೆ ಸಾಂಟಿಯಾಗೊ ಬಂದರಿನಲ್ಲಿ ಸಿಕ್ಕಿಬಿದ್ದಿದ್ದ ಸ್ಪೇನಿನ ಹಡಗುಗಳು ಒಂದೊಂದಾಗಿ ಹೊರಬಿದ್ದು ಓಡತೊಡಗಿದವು. ದೊಡ್ಡ ಹಡಗುಗಳ ಹಿಂದೆ ಅಮೆರಿಕದ ದೊಡ್ಡ ಹಡಗುಗಳು ಬಿದ್ದವು. ವೈನ್‌ರೈಟ್ ಓಡಲಿಲ್ಲ. ಎಂಜಿನ್ನಿನ ವೇಗ ತಗ್ಗಿಸಿದ, ಬಾಯ್ಲರಿನ ಬೆಂಕಿಯನ್ನು ಮಾತ್ರ ಜೋರು ಮಾಡಿಸಿದ.

ಇದು ಹಿಂಜರಿಕೆಯಂತೆ ಕಾಣುತ್ತದೆ, ಆದರೆ ಇದರಲ್ಲಿ ಒಂದು ಲೆಕ್ಕಾಚಾರವಿದೆ. ಉಗಿಹಡಗಿನ ವೇಗವನ್ನು ಕಾರಿನ ಆಕ್ಸಿಲರೇಟರ್ ತುಳಿದಂತೆ ಏರಿಸಲಾಗದು. ಕಲ್ಲಿದ್ದಲು ಹೊತ್ತಿಕೊಳ್ಳಬೇಕು, ಆ ಶಾಖ ಟನ್ನುಗಟ್ಟಲೆ ನೀರಿಗೆ ಇಳಿಯಬೇಕು, ನೀರು ಉಗಿಯಾಗಬೇಕು. ಬೆಂಕಿಗೂ ವೇಗಕ್ಕೂ ನಡುವೆ ನಿಮಿಷಗಳ ಅಂತರ. ಆದರೆ ಉಗಿ ಹೊರಹೋಗುವ ದಾರಿಯನ್ನು ಕಿರಿದು ಮಾಡಿ ಬೆಂಕಿಯನ್ನು ದೊಡ್ಡದು ಮಾಡಿದರೆ ಶಕ್ತಿ ಬಾಯ್ಲರಿನೊಳಗೇ ಕೂಡಿಬೀಳುತ್ತದೆ. ಅಡುಗೆಮನೆಯ ಕುಕ್ಕರ್ ಕೂಗುವ ಮುಂಚಿನ ಆ ಬಿಗಿ ಮೌನದ ಕ್ಷಣ ಇದೇ. ಒತ್ತಡ ಏರಿದಂತೆ ನೀರಿನ ಕುದಿಯುವ ಬಿಂದುವೂ ಏರುತ್ತದೆ. 100 ಡಿಗ್ರಿ ದಾಟಿದರೂ ನೀರು ನೀರಾಗಿಯೇ ಉಳಿದು ಶಾಖವನ್ನು ನುಂಗಿಕೊಂಡು ಕೂತಿರುತ್ತದೆ. ಕವಾಟ ತೆರೆದ ಕ್ಷಣ ಆ ಸಾಲವೆಲ್ಲ ಒಮ್ಮೆಗೇ ತೀರುತ್ತದೆ. ವೈನ್‌ರೈಟ್ ಕೂಡಿಡುತ್ತಿದ್ದದ್ದು ಅದನ್ನು.

ಆತ ಕಾಯುತ್ತಿದ್ದ ಬೇಟೆ ಕೊನೆಗೆ ಬಂತು: ಪ್ಲುಟಾನ್, ಫುರೋರ್ ಎಂಬ ಎರಡು ಟಾರ್ಪಿಡೊ ವಿಧ್ವಂಸಕಗಳು. ಓಟದಲ್ಲಿ ಯಾವ ಯಾಟನ್ನೂ ಹಿಂದಿಕ್ಕುವಂಥವು. ಗ್ಲಾಸ್ಟರ್ ಕವಾಟ ತೆರೆದು ಪೂರ್ಣವೇಗದಲ್ಲಿ ನೇರ ಅವುಗಳ ಮೇಲೆ ನುಗ್ಗಿ ಗುಂಡಿನ ಮಳೆಗರೆಯಿತು. ದೂರದಿಂದ ದೊಡ್ಡ ಯುದ್ಧನೌಕೆಗಳ ಗುಂಡುಗಳೂ ಬೀಳುತ್ತಿದ್ದವು. ಸ್ವಲ್ಪ ಹೊತ್ತಿನಲ್ಲೇ ಒಂದು ವಿಧ್ವಂಸಕ ಬಂಡೆಗೆ ಅಪ್ಪಳಿಸಿತು, ಇನ್ನೊಂದು ಮುಳುಗಿತು. ಆಮೇಲೆ ಅದೇ ಗ್ಲಾಸ್ಟರಿನ ದೋಣಿಗಳು ನೀರಿನಲ್ಲಿ ಮುಳುಗೇಳುತ್ತಿದ್ದ ಶತ್ರುಗಳನ್ನು ಎತ್ತಿಕೊಳ್ಳಲು ಹೋದವು. ಹಾಗೆ ಹಡಗು ಹತ್ತಿದ ಸೆರೆಯಾಳುಗಳಲ್ಲಿ ಸ್ಪೇನಿನ ಪಡೆಯ ದಂಡನಾಯಕ ಅಡ್ಮಿರಲ್ ಸರ್ವೇರಾ ಕೂಡ ಇದ್ದ. ಮಾರ್ಗನ್ ತನ್ನ ಅತಿಥಿಗಳನ್ನು ಬರಮಾಡಿಕೊಳ್ಳುತ್ತಿದ್ದ ಹಡಗು ಅಂದು ಸೋತ ಅಡ್ಮಿರಲನನ್ನು ಬರಮಾಡಿಕೊಂಡಿತು.

ಮಾರ್ಗನ್ ಕೈಕಟ್ಟಿ ಕೂರಲಿಲ್ಲ. ಅದೇ ನಕ್ಷೆಯನ್ನು ಹಿಗ್ಗಿಸಿ ಸುಮಾರು 93 ಮೀಟರ್ ಉದ್ದದ ಇನ್ನೊಂದು ಕೋರ್ಸೇರ್ ಕಟ್ಟಿಸಿದ. ಈ ಹೊಸ ಕೋರ್ಸೇರನ್ನು ಕಣ್ಣಿಟ್ಟು ನೋಡುತ್ತಿರಿ. ಈ ಅಧ್ಯಾಯ ಮುಗಿಯುವುದು ಅದರೊಂದಿಗೇ.

ಹರಿಗೋಲಿನಲ್ಲಿ ಎದ್ದು ನಿಂತರೆ

ಹರಿಗೋಲಿನಲ್ಲಿ ಹೊಳೆ ದಾಟಿದವರಿಗೆ ಅಂಬಿಗನ ಮೊದಲ ಆಜ್ಞೆ ಗೊತ್ತು: ‘ಕೂತ್ಕೊಳ್ಳಿ, ಯಾರೂ ಏಳ್ಬೇಡಿ.’ ನಾವು ಎದ್ದು ನಿಂತರೆ ತೂಕವೇನೂ ಹೆಚ್ಚಾಗುವುದಿಲ್ಲ, ಅದೇ ತೂಕ ಎತ್ತರಕ್ಕೆ ಹೋಗುತ್ತದೆ. ಹಡಗನ್ನು ನೆಟ್ಟಗೆ ನಿಲ್ಲಿಸುವ ಸೂತ್ರವೂ ಇದೇ.

ಹಡಗು ಪಕ್ಕಕ್ಕೆ ವಾಲಿದಾಗ ಆ ಕಡೆಯ ಮೈ ಹೆಚ್ಚು ನೀರಿಗಿಳಿಯುತ್ತದೆ. ನೀರು ಮೇಲಕ್ಕೊತ್ತುವ ಬಲದ ಕೇಂದ್ರ ಆ ಕಡೆಗೇ ಸರಿಯುತ್ತದೆ. ಹಡಗಿನ ಭಾರ ಕೆಳಕ್ಕೆಳೆಯುವುದು ಒಂದು ಕಡೆ, ನೀರು ಮೇಲಕ್ಕೊತ್ತುವುದು ಇನ್ನೊಂದು ಕಡೆ. ಎರಡೂ ಸೇರಿ ಹಡಗನ್ನು ತಿರುಗಿಸಿ ನೇರ ಮಾಡುತ್ತವೆ. ಗುರುತ್ವ ಕೇಂದ್ರ ಮೇಲೇರಿದಷ್ಟೂ ಈ ನೇರ ಮಾಡುವ ಬಲ ಸೊರಗುತ್ತದೆ. ಒಂದು ಹಂತ ದಾಟಿದರೆ ಅದೇ ಜೋಡಿ ಬಲ ಹಡಗನ್ನು ಮಗುಚಿಹಾಕುತ್ತದೆ.

ಯಾಟನ್ನು ಗಸ್ತುಹಡಗಾಗಿಸುವುದೆಂದರೆ ಮೈತುಂಬ ಎದ್ದುನಿಂತವರನ್ನು ಹತ್ತಿಸಿಕೊಂಡಂತೆ. ಫಿರಂಗಿ ಸುತ್ತಲೂ ತಿರುಗಬೇಕು, ಹಾಗಾಗಿ ಮೇಲಿನ ಅಟ್ಟದಲ್ಲೇ ಇರಬೇಕು. ಅದು ಹಾರಿಸುವ ಗುಂಡಿಗೆ ಸಮನಾದ ಒದೆತ ಹಿಂದಕ್ಕೆ ಬರುತ್ತದೆ. ನರ್ತನಕ್ಕೂ ನಡಿಗೆಗೂ ಹಾಸಿದ ತೇಗದ ಹಲಗೆ ಆ ಒದೆತ ತಾಳದು. ಹಲಗೆಯ ಕೆಳಗೆ ಉಕ್ಕಿನ ಊರೆಗಂಬಗಳನ್ನು ಕೊಟ್ಟು ಬಲವನ್ನು ಹಡಗಿನ ಪಕ್ಕೆಲುಬುಗಳಿಗೆ ಇಳಿಸಬೇಕು. ಅದೂ ಭಾರವೇ. ಇದನ್ನು ಸರಿದೂಗಿಸಲು ಮೇಲಿನ ಅಲಂಕಾರಗಳೆಲ್ಲ ಇಳಿದು ಗೋದಾಮು ಸೇರುತ್ತಿದ್ದವು. ಬಿಳಿ ಮೈಗೆ ಬೂದು ಬಣ್ಣ, ಹೊಳೆಯುವ ಹಿತ್ತಾಳೆಗೂ ಅದೇ ಗತಿ.

ಕಲ್ಲಿದ್ದಲಿನದು ಇನ್ನೊಂದು ಪೇಚು. ಅದು ಇರುವುದು ಹಡಗಿನ ಹೊಟ್ಟೆಯಲ್ಲಿ. ಗುರುತ್ವ ಕೇಂದ್ರವನ್ನು ಕೆಳಗೆ ಹಿಡಿದಿಡುವ ಭಾರವೂ ಅದೇ. ಗಸ್ತು ಮುಗಿಸಿ ಬಂದರಿಗೆ ಮರಳುವ ಹೊತ್ತಿಗೆ ಅದೆಲ್ಲ ಹೊಗೆಯಾಗಿ ಹೋಗಿರುತ್ತದೆ. ಕೆಳಗಿನ ತೂಕ ಕರಗಿದೆ, ಮೇಲಿನ ಫಿರಂಗಿ ಹಾಗೇ ಇದೆ. ದಣಿದ ಹಡಗು ಹೆಚ್ಚು ಓಲಾಡುತ್ತದೆ. ಹಾಗೆಂದು ತುಂಬ ತುಂಬಿಕೊಂಡರೂ ಕಷ್ಟ. ಭಾರಕ್ಕೆ ಮೈ ಆಳಕ್ಕಿಳಿಯುತ್ತದೆ, ನೀರಿನ ತಡೆ ಹೆಚ್ಚುತ್ತದೆ.

ಮಾರ್ಗನ್ನನ ಹೊಸ ಕೋರ್ಸೇರಿಗೆ ಆದದ್ದು ಇದೇ. 1917ರಲ್ಲಿ ಅಮೆರಿಕ ಮಹಾಯುದ್ಧಕ್ಕಿಳಿದಾಗ ಅದನ್ನೂ ನೌಕಾಪಡೆ ಕರೆಸಿಕೊಂಡಿತು. ಮೇ 15ರಂದು ಸೇವೆಗೆ ಸೇರ್ಪಡೆ, ಜೂನಿನಲ್ಲಿ ಫ್ರಾನ್ಸಿಗೆ ಹೊರಟ ಸೈನಿಕರ ಮೊದಲ ಹಡಗುಸಾಲಿಗೆ ಕಾವಲು. ಅಟ್ಲಾಂಟಿಕ್ ದಾಟಲು ಕಲ್ಲಿದ್ದಲನ್ನು ಹೇರಿಕೊಂಡಿದ್ದ ಹಡಗು. ಬೆಂಕಿ ಹಾಕುವವರು ಹೊಸಬರು. ಬಾಯ್ಲರಿಗೆ ಕಲ್ಲಿದ್ದಲು ಹಾಕುವುದು ಸಲಿಕೆಯ ಕೆಲಸವೆಂದು ತೋರಿದರೂ ಅದು ಕೈಪಳಗಬೇಕಾದ ವಿದ್ಯೆ. ಕೆಂಡದ ಹಾಸು ತೆಳ್ಳಗೆ, ಸಮನಾಗಿ ಇರಬೇಕು. ತೂತು ಬಿದ್ದರೆ ತಣ್ಣನೆ ಗಾಳಿ ನುಗ್ಗುತ್ತದೆ, ಗುಡ್ಡೆಯಾದರೆ ಗಾಳಿ ಹಾಯದೆ ಹೊಗೆ ಏಳುತ್ತದೆ. ಕೋರ್ಸೇರ್ ಮೊದಲ ಗುಂಪಿನ ವೇಗಕ್ಕೆ ಹೆಜ್ಜೆ ಹಾಕಲಾರದೆ ಹಿಂದುಳಿದು ಎರಡನೇ ಗುಂಪನ್ನು ಕೂಡಿಕೊಂಡಿತು. ವೇಗಕ್ಕೆಂದೇ ಕಟ್ಟಿದ ಹಡಗಿಗೆ ವೇಗವೇ ಕೈಕೊಟ್ಟಿತ್ತು. ಅದೇ ಡಿಸೆಂಬರಿನಲ್ಲಿ ಬಿರುಗಾಳಿಗೆ ಸಿಕ್ಕು ಜಖಂಗೊಂಡು ದುರಸ್ತಿಗೆ ಲಿಸ್ಬನ್ ಸೇರಬೇಕಾಯಿತು. ಬೇಸಿಗೆಯ ವಿಹಾರಕ್ಕೆ ಎಳೆದ ನಕ್ಷೆಯಲ್ಲಿ ಚಳಿಗಾಲದ ಅಟ್ಲಾಂಟಿಕ್ ಇರಲಿಲ್ಲ. ಫ್ರಾನ್ಸಿನ ಬ್ರೆಸ್ಟ್ ಬಂದರಿನ ಈ ಯಾಟುಗಳ ಗುಂಪಿಗೆ ‘ಆತ್ಮಹತ್ಯಾ ಪಡೆ’ ಎಂಬ ಅಡ್ಡಹೆಸರು ಬಿದ್ದದ್ದು ಸುಮ್ಮನೆ ಅಲ್ಲ.

ಹನ್ನೆರಡು ಸೆಕೆಂಡು

ಹಾಗಿದ್ದರೂ ಜಲಾಂತರ್ಗಾಮಿಗಳ ವಿರುದ್ಧ ಯಾಟಿಗೆ ಬೆಲೆ ಬಂದದ್ದು ಹೊಸದೊಂದು ಆಯುಧದಿಂದ. 1916ರಲ್ಲಿ ಬ್ರಿಟಿಷರು ಬಳಕೆಗೆ ತಂದ ಡೆಪ್ತ್ ಚಾರ್ಜ್ ನೋಡಲು ಎಣ್ಣೆಯ ಪೀಪಾಯಿ. ಒಳಗೆ ಸುಮಾರು 136 ಕಿಲೋ ಸಿಡಿಮದ್ದು. ಅದರ ಜಾಣತನ ಇರುವುದು ನಡುವಿನ ಒಂದು ಸಣ್ಣ ಸಾಧನದಲ್ಲಿ. ಸಮುದ್ರದಲ್ಲಿ ಪ್ರತಿ 10 ಮೀಟರ್ ಇಳಿದಂತೆ ಒತ್ತಡ ಒಂದು ವಾಯುಭಾರದಷ್ಟು ಏರುತ್ತದೆ. ಪೀಪಾಯಿಯೊಳಗೆ ನುಗ್ಗಿದ ನೀರು ಒಂದು ಸ್ಪ್ರಿಂಗನ್ನು ಒತ್ತುತ್ತ ಹೋಗಿ, ಗೊತ್ತುಮಾಡಿದ ಆಳದಲ್ಲಿ ಸಿಡಿಸುವ ಮೊಳೆಯನ್ನು ಬಿಡುಗಡೆ ಮಾಡುತ್ತದೆ. ಗಡಿಯಾರ ಬೇಕಿಲ್ಲ, ಬತ್ತಿ ಬೇಕಿಲ್ಲ. ಆಳವನ್ನು ಸಮುದ್ರವೇ ಹೇಳುತ್ತದೆ.

ನೀರು ಕುಗ್ಗುವುದಿಲ್ಲ ಎನ್ನುವಷ್ಟು ಗಟ್ಟಿ. ಗಾಳಿಯಲ್ಲಾದರೆ ಸ್ಫೋಟದ ಹೊಡೆತವನ್ನು ಗಾಳಿಯೇ ಕುಗ್ಗಿ ಮೆತ್ತಗಾಗಿಸುತ್ತದೆ. ನೀರು ಅದನ್ನು ಹೆಚ್ಚುಕಡಿಮೆ ಹಾಗೇ ದಾಟಿಸುತ್ತದೆ, ಸೆಕೆಂಡಿಗೆ 1,500 ಮೀಟರಿನಷ್ಟು ವೇಗದಲ್ಲಿ. ಆದರೂ ಆ ಕಾಲದ ಡೆಪ್ತ್ ಚಾರ್ಜ್ ಜಲಾಂತರ್ಗಾಮಿಯನ್ನು ಒಡೆಯಬೇಕಾದರೆ ನಾಲ್ಕೈದು ಮೀಟರ್ ಸಮೀಪದಲ್ಲಿ ಸಿಡಿಯಬೇಕಿತ್ತು. ಎಂಟು ಮೀಟರಿನಷ್ಟು ದೂರದಲ್ಲಿ ಸಿಡಿದರೆ ಅಂಗಹೀನ ಮಾಡಬಹುದು, ಅಷ್ಟೇ.

ಸಿಡಿಸುವ ಹಡಗಿನ ಹಿಂಬದಿಯೂ ಅದೇ ನೀರಿನಲ್ಲಿದೆ. ಲೆಕ್ಕ ಹಾಕಿ ನೋಡೋಣ. ಪೀಪಾಯಿ ಸೆಕೆಂಡಿಗೆ ಸುಮಾರು 2 ಮೀಟರ್ ಇಳಿಯುತ್ತದೆ ಎನ್ನಿ. 24 ಮೀಟರ್ ಆಳಕ್ಕೆ ಗೊತ್ತುಮಾಡಿದ್ದರೆ ಸಿಡಿಯಲು 12 ಸೆಕೆಂಡು. 15 ನಾಟ್ ಓಡುವ ಯಾಟ್ ಅಷ್ಟರಲ್ಲಿ 90 ಮೀಟರ್ ಆಚೆ ಇರುತ್ತದೆ. 6 ನಾಟ್‌ನಲ್ಲಿ ತೆವಳುವ ದೋಣಿ 37 ಮೀಟರ್ ಮಾತ್ರ ದಾಟಿರುತ್ತದೆ, ತನ್ನ ಬಾಂಬಿಗೆ ತಾನೇ ಬೆನ್ನೊಡ್ಡಿರುತ್ತದೆ. ಇದಕ್ಕೇ ಬ್ರಿಟಿಷರು ನಿಧಾನದ ಹಡಗುಗಳಿಗೆಂದು 54 ಕಿಲೋ ಮದ್ದಿನ ಬೇರೆಯದೇ ಪೀಪಾಯಿ ಮಾಡಿದರು. ಅಂದರೆ ವೇಗವಿದ್ದವನಿಗೆ ದೊಡ್ಡ ಬಾಂಬು, ಇಲ್ಲದವನಿಗೆ ಚಿಕ್ಕದು. ಒಡೆಯನೊಬ್ಬ ಶೋಕಿಗೆ ಕೊಂಡ ಐದಾರು ನಾಟ್ ಇಲ್ಲಿ ನೇರವಾಗಿ ಮದ್ದಿನ ತೂಕಕ್ಕೆ ಪರಿವರ್ತನೆಯಾಗುತ್ತದೆ.

1918ರ ಮೇ 21ರ ಸಂಜೆ ಬಿಸ್ಕೆ ಕೊಲ್ಲಿಯಲ್ಲಿ ನಡೆದದ್ದನ್ನು ಈ ಲೆಕ್ಕದ ಜೊತೆ ಓದಬೇಕು. ಕ್ರಿಸ್ಟಬೆಲ್ 1893ರಲ್ಲಿ ಗ್ಲಾಸ್ಗೋದಲ್ಲಿ ಕಟ್ಟಿದ 50 ಮೀಟರ್ ಉದ್ದದ ಯಾಟ್, ಅಮೆರಿಕ ಫ್ರಾನ್ಸಿಗೆ ಕಳಿಸಿದ್ದರಲ್ಲಿ ತೀರಾ ಪುಟ್ಟದು. ಸಾಲಿನಿಂದ ಹಿಂದುಳಿದಿದ್ದ ಒಂದು ನಿಧಾನದ ಸರಕು ಹಡಗಿಗೆ ಅದು ಕಾವಲಿತ್ತು. ಸಂಜೆ ನೀರಿನ ಮೇಲೆ ಎಣ್ಣೆಯ ಜಾಡು ಕಂಡಿತು. ರಾತ್ರಿ ಒಂಬತ್ತು ಸಮೀಪಿಸುತ್ತಿದ್ದಾಗ ಪೆರಿಸ್ಕೋಪ್ ಕಂಡಿತು. ಕ್ರಿಸ್ಟಬೆಲ್ ಅತ್ತ ನುಗ್ಗಿ ಎರಡು ಪೀಪಾಯಿಗಳನ್ನು ಬಿಟ್ಟಿತು. ಎರಡನೆಯದು ಸಿಡಿದ ಬೆನ್ನಿಗೇ ನೀರಿನಡಿಯಿಂದ ಮೂರನೆಯದೊಂದು ಭಾರೀ ಸ್ಫೋಟ. ಕಪ್ಪೆಣ್ಣೆ, ಮರದ ಚೂರುಗಳು ಮೇಲೆದ್ದವು.

ಆ ಹೊಡೆತಕ್ಕೆ ಯಾಟಿನ ಅಟ್ಟದ ಮೇಲೆ ಕಟ್ಟಿಟ್ಟಿದ್ದ ಉಳಿದ ಪೀಪಾಯಿಗಳು ಕಳಚಿಕೊಂಡು ಉರುಳಾಡತೊಡಗಿದವು. ಸಿಡಿಯಲು ಸಿದ್ಧವಾಗಿದ್ದ ಪೀಪಾಯಿಗಳು. ಡೇನಿಯಲ್ ಸಲಿವನ್ ಎಂಬ ಕಿರಿಯ ಅಧಿಕಾರಿ ಓಡಿಹೋಗಿ ಅವುಗಳ ಮೇಲೆ ಮೈಚೆಲ್ಲಿ ಬಿದ್ದು, ಒಂದೊಂದನ್ನೇ ತಡೆದು ಕಟ್ಟಿಹಾಕಿದ. ಆತನಿಗೆ ಅಮೆರಿಕದ ಅತ್ಯುನ್ನತ ಶೌರ್ಯಪದಕ ಸಿಕ್ಕಿತು. ಜರ್ಮನ್ ಜಲಾಂತರ್ಗಾಮಿ ಯುಸಿ-56 ಮುಳುಗಿರಲಿಲ್ಲ. ಮೂರು ದಿನದ ಮೇಲೆ ಕುಂಟುತ್ತ ಸ್ಪೇನಿನ ಸಾಂಟಾಂಡರ್ ಬಂದರು ಸೇರಿ, ಯುದ್ಧ ಮುಗಿಯುವವರೆಗೆ ಅಲ್ಲೇ ಬಂಧಿಯಾಯಿತು.

ಮಿಗತೆ ಇಲ್ಲದ ಕಡೆ

ಯಾಟಿನಲ್ಲಿ ಎಲ್ಲವೂ ಮಿಕ್ಕಿರಲಿಲ್ಲ. ಯುದ್ಧನೌಕೆಯ ಒಡಲನ್ನು ನೀರು ಹಾಯದ ಗೋಡೆಗಳಿಂದ ಹತ್ತಾರು ಕೋಣೆಗಳಾಗಿ ಸೀಳಿರುತ್ತಾರೆ, ಒಂದು ಒಡೆದರೆ ಉಳಿದವು ತೇಲಿಸುತ್ತವೆ. ದಿವಾನಖಾನೆಯ ನಡುವೆ ಉಕ್ಕಿನ ಗೋಡೆಯನ್ನು ಯಾವ ಒಡೆಯನೂ ಬಯಸುವುದಿಲ್ಲ. 1917ರ ನವೆಂಬರ್ 5ರ ನಸುಕಿನಲ್ಲಿ ಫ್ರಾನ್ಸಿನ ಕರಾವಳಿಯಾಚೆ ಆಲ್ಸೀಡೊ ಎಂಬ ಯಾಟಿಗೆ ಟಾರ್ಪಿಡೊ ಬಡಿದಾಗ ಅದು ಮುಳುಗಲು ಹಿಡಿದದ್ದು ಎಂಟು ನಿಮಿಷ. 21 ಮಂದಿ ಸತ್ತರು. ಆ ಯುದ್ಧದಲ್ಲಿ ಶತ್ರುವಿನ ಕೈಯಲ್ಲಿ ಅಮೆರಿಕದ ನೌಕಾಪಡೆ ಕಳೆದುಕೊಂಡ ಮೊದಲ ಹಡಗು ಅದು.

ಇದಕ್ಕಿಂತ ಕಹಿ ಕಥೆ ಐಯೊಲೇರ್‌ನದು. 1881ರಲ್ಲಿ ಕಟ್ಟಿದ ಈ ಯಾಟ್ ಯುದ್ಧವನ್ನೆಲ್ಲ ದಾಟಿ ಉಳಿದಿತ್ತು. 1918ರ ಡಿಸೆಂಬರ್ 31ರ ರಾತ್ರಿ, ಯುದ್ಧ ಮುಗಿಸಿದ ನಾವಿಕರನ್ನು ಹೊಸವರ್ಷಕ್ಕೆ ಮನೆ ಮುಟ್ಟಿಸಲು ಸ್ಕಾಟ್ಲೆಂಡಿನ ಲೂಯಿಸ್ ದ್ವೀಪದತ್ತ ಹೊರಟಿತು. ಹಡಗಿನಲ್ಲಿ 280ರಷ್ಟು ಜನ. ಜೀವರಕ್ಷಕ ದೋಣಿಗಳಲ್ಲಿ ಜಾಗವಿದ್ದದ್ದು 100 ಮಂದಿಗೆ, ತೇಲುಕವಚಗಳು 80. ಅತಿಥಿಗಳ ಲೆಕ್ಕಕ್ಕೆ ಕಟ್ಟಿದ ಹಡಗಿನಲ್ಲಿ ಒಂದು ಊರಿನಷ್ಟು ಜನ. ನಸುಕಿನ ಎರಡು ಗಂಟೆಯ ಹೊತ್ತಿಗೆ ಸ್ಟೋರ್ನೊವೇ ಬಂದರಿನ ಬಾಗಿಲಲ್ಲೇ ಬಂಡೆಗೆ ಬಡಿಯಿತು. ದಡ ಕಲ್ಲೆಸೆತದ ದೂರ. ಜಾನ್ ಮೆಕ್ಲೌಡ್ ಎಂಬಾತ ಹಗ್ಗವೊಂದನ್ನು ಹಿಡಿದು ಈಜಿ ದಡ ಸೇರಿದ, ಆ ಹಗ್ಗ ಹಿಡಿದು ಸುಮಾರು 40 ಮಂದಿ ಬದುಕಿದರು. 201 ಮಂದಿ ತಮ್ಮ ಊರಿನ ದೀಪಗಳ ಎದುರಲ್ಲೇ ಸತ್ತರು.

ಎರಡನೇ ಮಹಾಯುದ್ಧದ ಹೊತ್ತಿಗೆ ಯಾಟಿನ ಮಿಗತೆಯೇ ಕರಗಿತ್ತು. ಹೊಸ ಜಲಾಂತರ್ಗಾಮಿಗಳು ನೀರಿನ ಮೇಲೆ 17 ನಾಟ್ ಓಡುತ್ತಿದ್ದವು. ಆದರೂ ಹಡಗುಗಳ ಬರ ಎಷ್ಟಿತ್ತೆಂದರೆ ಕೆನಡಾ ಒಂದು ಉಪಾಯ ಹೂಡಿತು. ಅಮೆರಿಕ ಆಗಿನ್ನೂ ತಟಸ್ಥ, ಯುದ್ಧನಿರತ ದೇಶಕ್ಕೆ ಹಡಗು ಮಾರುವಂತಿರಲಿಲ್ಲ. ಕೆನಡಾದ ಶ್ರೀಮಂತ ಹವ್ಯಾಸಿಗಳು ಅಲ್ಲಿಗೆ ಹೋಗಿ ಸ್ವಂತಕ್ಕೆಂದು ಯಾಟುಗಳನ್ನು ಕೊಂಡು ತಂದರು. ಮನೆ ಮುಟ್ಟಿದ ಕೂಡಲೇ ನೌಕಾಪಡೆ ಅವನ್ನು ವಶಪಡಿಸಿಕೊಂಡು ಪ್ರಾಣಿಗಳ ಹೆಸರಿಟ್ಟಿತು: ಬೀವರ್, ಮೂಸ್, ವುಲ್ಫ್, ರಕೂನ್. 1942ರ ಸೆಪ್ಟೆಂಬರಿನಲ್ಲಿ ಸೇಂಟ್ ಲಾರೆನ್ಸ್ ನದಿಮುಖದಲ್ಲಿ ಯು-165ರ ಟಾರ್ಪಿಡೊಗೆ ಸಿಕ್ಕ ರಕೂನ್ ತನ್ನ 37 ಮಂದಿಯೊಂದಿಗೆ ಮುಳುಗಿತು. ಒಬ್ಬನೂ ಉಳಿಯಲಿಲ್ಲ.

ಅದೇ ಸ್ಫೋಟ, ಬೇರೆ ಕಿವಿ

ಈಗ ಮಾರ್ಗನ್ನನ ಕೋರ್ಸೇರಿಗೆ ಮರಳೋಣ. ಯುದ್ಧದ ಬಳಿಕ ಅದು ಮನೆತನಕ್ಕೆ ವಾಪಸಾಗಿತ್ತು. 1930ರಲ್ಲಿ ಮಗ ಮಾರ್ಗನ್ ಇನ್ನೂ ದೊಡ್ಡದೊಂದನ್ನು ಕಟ್ಟಿಸಿಕೊಂಡು, ಇದನ್ನು ಅಮೆರಿಕದ ಕರಾವಳಿ ಸಮೀಕ್ಷಾ ಇಲಾಖೆಗೆ ಒಂದು ಡಾಲರಿಗೆ ದಾಟಿಸಿದ. ಹೊಸ ಹೆಸರು ಓಷನೋಗ್ರಾಫರ್. ಇಲಾಖೆಯಲ್ಲಿ ಅದಕ್ಕೊಂದು ಜೊತೆಯೂ ಇತ್ತು. ಅದು ಲಿಡೋನಿಯಾ, ಪತ್ರಿಕೋದ್ಯಮಿ ಸೈರಸ್ ಕರ್ಟಿಸ್‌ಗಾಗಿ 1912ರಲ್ಲಿ ಕಟ್ಟಿದ ಯಾಟ್. 1918ರ ಮೇ ತಿಂಗಳಲ್ಲಿ ಮೆಡಿಟರೇನಿಯನ್ನಿನಲ್ಲಿ ಬ್ರಿಟಿಷ್ ಹಡಗೊಂದರ ಜೊತೆ ಸೇರಿ ಯುಬಿ-70 ಜಲಾಂತರ್ಗಾಮಿಯನ್ನು ಮುಳುಗಿಸಿದ ಶ್ರೇಯ ಅದಕ್ಕೆ ಸಂದಿತ್ತು.

ಇವು ಹೋದದ್ದು ಕೇಪ್ ಕಾಡ್‌ನಾಚೆಯ ಜಾರ್ಜಸ್ ಬ್ಯಾಂಕ್ ಎಂಬ ಮೀನಿನ ಕಣಜಕ್ಕೆ. ಅಲ್ಲಿನ ತಳದ ಆಳ ಅಳೆಯಲು ಪ್ರತಿಧ್ವನಿ ಯಂತ್ರ ಬಂದಿತ್ತು. ಆದರೆ ಅಳೆದ ಜಾಗ ಯಾವುದು? ದಡ ಕಾಣದು, ಮಂಜು ಕವಿದರೆ ಸೂರ್ಯನೂ ಇಲ್ಲ, ನಕ್ಷತ್ರವೂ ಇಲ್ಲ. ಉಪಾಯ ಬಂದದ್ದು ಯುದ್ಧದಿಂದ. ಇಲಾಖೆಯ ನಿಕೊಲಸ್ ಹೆಕ್ ಯುದ್ಧಕಾಲದಲ್ಲಿ ನೌಕಾಪಡೆಗಾಗಿ ನೀರೊಳಗಿನ ಶಬ್ದದ ಮೇಲೆ ಕೆಲಸ ಮಾಡಿದ್ದ. 1920ರ ದಶಕದಲ್ಲಿ ಆತ ಮತ್ತು ಸಂಗಡಿಗರು ರೂಪಿಸಿದ ವಿಧಾನ ಹೀಗಿತ್ತು. ಹಡಗು ಒಂದು ಸಣ್ಣ ಬಾಂಬನ್ನು ನೀರಿಗೆ ಎಸೆಯುತ್ತದೆ. ಗೊತ್ತಾದ ಜಾಗಗಳಲ್ಲಿ ನೀರಿನ ಕಿವಿಗಳು, ಅಂದರೆ ಹೈಡ್ರೊಫೋನುಗಳು, ಕಾದಿರುತ್ತವೆ. ಸದ್ದು ತಲುಪಿದ ಕ್ಷಣ ಅಲ್ಲಿಂದ ರೇಡಿಯೊ ಸಂಕೇತ ಹೊರಡುತ್ತದೆ, ಅದು ಹಡಗನ್ನು ತಲುಪಲು ಹಿಡಿಯುವ ಸಮಯ ಲೆಕ್ಕಕ್ಕೇ ಬಾರದಷ್ಟು. ಸ್ಫೋಟಕ್ಕೂ ಸಂಕೇತಕ್ಕೂ ನಡುವೆ 20 ಸೆಕೆಂಡು ಕಳೆದಿದ್ದರೆ ದೂರ ಸುಮಾರು 30 ಕಿಲೋಮೀಟರ್. ಇಂಥ ಎರಡು ದೂರ ಗೊತ್ತಾದರೆ ನಕ್ಷೆಯಲ್ಲಿ ಎರಡು ವೃತ್ತಗಳನ್ನು ಎಳೆದು, ಅವು ಕೂಡುವಲ್ಲಿ ಹಡಗನ್ನು ಗುರುತಿಸಬಹುದು. ದಡ ತೀರಾ ದೂರವಾದ ಕಡೆ ಲಂಗರು ಹಾಕಿದ ಇನ್ನೊಂದು ಹಡಗೇ ಕಿವಿಯಾಗುತ್ತಿತ್ತು.

ಅದೇ ಮದ್ದು, ಅದೇ ಹೈಡ್ರೊಫೋನು, ನೀರಿನಲ್ಲಿ ಓಡುವ ಅದೇ ಹೊಡೆತ. ಹನ್ನೆರಡು ವರ್ಷ ಹಿಂದೆ ಆ ಕಿವಿ ಕೊಲ್ಲಬೇಕಾದ ಎಂಜಿನ್ನಿನ ಸದ್ದಿಗೆ ಕಾಯುತ್ತಿತ್ತು. ಈಗ ಅದು ‘ನಾನೆಲ್ಲಿದ್ದೇನೆ’ ಎಂಬ ಪ್ರಶ್ನೆಗೆ ಉತ್ತರ ಕೇಳಿಸಿಕೊಳ್ಳುತ್ತಿತ್ತು.

1930ರಿಂದ 1932ರವರೆಗೆ ನಡೆದ ಆ ಸಮೀಕ್ಷೆಯಲ್ಲಿ ಯಾರೂ ಎಣಿಸದ ಚಿತ್ರವೊಂದು ಮೂಡಿತು. ಜಾರ್ಜಸ್ ಬ್ಯಾಂಕಿನ ದಕ್ಷಿಣದ ಅಂಚು ಸಮತಟ್ಟಾಗಿರಲಿಲ್ಲ. ಕೊಡಲಿಯಿಂದ ಕಡಿದಂತೆ ಆಳವಾದ ಕಣಿವೆಗಳು ಖಂಡದ ಅಂಚನ್ನು ಸೀಳಿ ಸಾಗರದ ತಳಕ್ಕೆ ಇಳಿದಿದ್ದವು. ಮರಳೂ ಕೆಸರೂ ಬೆರೆತ ಭಾರದ ನೀರು ಇಳಿಜಾರಿನಲ್ಲಿ ಹಿಮಕುಸಿತದಂತೆ ಜಾರುತ್ತ ಇವನ್ನು ಕೊರೆಯುತ್ತದೆ ಎಂಬುದು ಬಳಿಕ ತಿಳಿಯಿತು. ಕಣಿವೆಗಳಿಗೆ ಹಡಗುಗಳ ಹೆಸರನ್ನೇ ಇಟ್ಟರು. ಒಂದು ಲಿಡೋನಿಯಾ, ಒಂದು ಓಷನೋಗ್ರಾಫರ್. ಅದೇ ಹಡಗಿನ ಹಳೆಯ ಹೆಸರನ್ನೂ ಬಿಡದೆ ಇನ್ನೊಂದಕ್ಕೆ ಕೋರ್ಸೇರ್ ಎಂದರು.

ಹಡಗು 1942ರಲ್ಲಿ ಮತ್ತೊಮ್ಮೆ ನೌಕಾಪಡೆಗೆ ಹೋಗಿ 1944ರಲ್ಲಿ ಗುಜರಿ ಸೇರಿತು. 2016ರಲ್ಲಿ ಅಮೆರಿಕ ಲಿಡೋನಿಯಾ ಮತ್ತು ಓಷನೋಗ್ರಾಫರ್ ಕಣಿವೆಗಳನ್ನು ಸಂರಕ್ಷಿತ ಸಾಗರ ಸ್ಮಾರಕಕ್ಕೆ ಸೇರಿಸಿತು. ಬೆಳಕು ಮುಟ್ಟದ ಆ ಗೋಡೆಗಳಲ್ಲಿ ಆಳಸಮುದ್ರದ ಹವಳಗಳು ಬೆಳೆಯುತ್ತವೆ. ಕೋರ್ಸೇರ್ ಕಣಿವೆ ಗಡಿರೇಖೆಯ ಆಚೆ, ಕೆನಡಾದ ಪಾಲಿನಲ್ಲಿದೆ. ಅಲ್ಲೂ ಹವಳಗಳಿವೆ, ಅವುಗಳಿಗೆಂದು ಆ ದೇಶವೂ ಅದೇ ವರ್ಷ ಮೀನಿನ ಬಲೆಗಳನ್ನು ದೂರವಿಟ್ಟಿತು. ಕಡಲ್ಗಳ್ಳನ ಹೆಸರಿನ ಕಣಿವೆಗೆ ಈಗ ಕಾವಲಿದೆ.